ಉದಯಗಿರಿಯ ಎಂಎಲ್‌ಎ: ಜನ ಆಡುವ ಮಾತು, ನಡೆಯುವ ಸಂಗತಿ

ಮೈಸೂರಿಗೆ ಅರಮನೆ ನೋಡಲು ಬಂದವರು ಉದಯಗಿರಿಯ ಕಡೆ ತಿರುಗುವುದಿಲ್ಲ. ಮತ ಕೇಳುವವರು ಮಾತ್ರ ತಪ್ಪದೆ ಬರುತ್ತಾರೆ. ಉದಯಗಿರಿ, ರಾಜೀವನಗರ, ಶಾಂತಿನಗರ, ಗೌಸಿಯಾನಗರ, ಕ್ಯಾತಮಾರನಹಳ್ಳಿ, ಗಾಂಧಿನಗರ, ಇತ್ತ ಬನ್ನಿಮಂಟಪ ಎಲ್ಲ ಸೇರಿ ನರಸಿಂಹರಾಜ ವಿಧಾನಸಭಾ ಕ್ಷೇತ್ರ. ಊರವರ ಬಾಯಲ್ಲಿ ಎನ್.ಆರ್. ಕ್ಷೇತ್ರ. 2002ರಿಂದ ಇಲ್ಲಿನ ಶಾಸಕರು ಕಾಂಗ್ರೆಸ್‌ನ ತನ್ವೀರ್ ಸೇಠ್. ಅದಕ್ಕೂ ಮುಂಚೆ ಅವರ ತಂದೆ ಅಜೀಜ್ ಸೇಠ್ ಹಲವು ಬಾರಿ ಗೆದ್ದಿದ್ದರು. ಹೀಗಾಗಿ ಈ ಭಾಗದ ಟೀ ಅಂಗಡಿಗಳಲ್ಲಿ ಎಂಎಲ್‌ಎ ಎಂದರೆ ಏನು, ಅವರ ಕೈಯಲ್ಲಿ ಏನಾಗುತ್ತದೆ, ಏನಾಗುವುದಿಲ್ಲ ಎನ್ನುವುದರ ಬಗ್ಗೆ ಎಲ್ಲರಿಗೂ ಒಂದೊಂದು ಖಚಿತ ಅಭಿಪ್ರಾಯವಿದೆ. ಅವುಗಳಲ್ಲಿ ಅರ್ಧದಷ್ಟು ತಪ್ಪು. ಕೆಲವು ಪೂರ್ತಿ ತಪ್ಪಲ್ಲ, ಆದರೆ ತಪ್ಪು ಜಾಗದಲ್ಲಿ ನಿಂತಿವೆ. ಶಾಸಕರ ಕೈಗೆ ಇಲ್ಲದ ಅಧಿಕಾರವನ್ನು ನಾವು ಅವರಿಗೆ ಕೊಟ್ಟಿದ್ದೇವೆ, ಇರುವ ಅಧಿಕಾರದ ಲೆಕ್ಕ ಕೇಳುವುದನ್ನು ಬಿಟ್ಟಿದ್ದೇವೆ ಎಂಬುದು ನನ್ನ ತಕರಾರು.

ತಪ್ಪು ಕಲ್ಪನೆ: ಎನ್.ಆರ್. ಕ್ಷೇತ್ರ ಒಂದು ಮನೆತನದ ಜಹಗೀರು. ಅಪ್ಪ ಆಳಿದ, ಈಗ ಮಗ ಆಳುತ್ತಾನೆ.

ವಾಸ್ತವ: ಅಪ್ಪ-ಮಗನ ಕಥೆ ನಿಜ, ಜಹಗೀರಿನ ಕಥೆ ಸುಳ್ಳು. ಅಜೀಜ್ ಸೇಠ್ ರಾಜಕೀಯ ಶುರು ಮಾಡಿದ್ದು ಕಾಂಗ್ರೆಸ್‌ನ ಅಂಗಳದಲ್ಲಲ್ಲ. 1967ರಲ್ಲಿ ಅವರು ಗೆದ್ದದ್ದು ಸಂಯುಕ್ತ ಸಮಾಜವಾದಿ ಪಕ್ಷದಿಂದ. ಲೋಹಿಯಾವಾದಿ ಸಮಾಜವಾದ ಶಿವಮೊಗ್ಗದ ಕಡೆ ಮಾತ್ರ ಬೆಳೆಯಿತು ಎಂದು ನಂಬಿದವರು ಇದನ್ನು ಗಮನಿಸಬೇಕು. ಮುಂದೆ ಅವರು ಕಾಂಗ್ರೆಸ್ ಸೇರಿ ದೇವರಾಜ ಅರಸು ಸಂಪುಟದಲ್ಲಿ ಸಚಿವರಾದರು. ಕಾರ್ಮಿಕರ ನಡುವೆ ಹೆಸರು ಮಾಡಿದವರು. ಮೈಸೂರಿನ ಈ ಮಗ್ಗುಲಲ್ಲಿ ಕಾರ್ಮಿಕರು ಎಂದರೆ ಕಾರ್ಖಾನೆಯ ಗೇಟಿನಲ್ಲಿ ಹಾಜರಿ ಹಾಕುವವರಷ್ಟೇ ಅಲ್ಲ. ಮನೆಯ ಮೂಲೆಯಲ್ಲಿ ಮೊರ ಇಟ್ಟುಕೊಂಡು ಬೀಡಿ ಕಟ್ಟುವ ಹೆಂಗಸರು, ಊದುಬತ್ತಿ ಹೊಸೆಯುವವರು, ಮಂಡಿಯಲ್ಲಿ ಮೂಟೆ ಹೊರುವವರು ಎಲ್ಲರೂ ಸೇರುತ್ತಾರೆ. ಮಹಾನಗರಪಾಲಿಕೆಯ ವಾರ್ಡುಗಳ ಪಟ್ಟಿಯಲ್ಲಿ ಇವತ್ತಿಗೂ ಅಜೀಜ್ ಸೇಠ್ ನಗರ ಎಂಬ ಹೆಸರಿದೆ.

ಇಷ್ಟಿದ್ದೂ ಕ್ಷೇತ್ರ ಅವರ ಕೈ ತಪ್ಪಿದ್ದಿದೆ. 1994ರಲ್ಲಿ ಇಲ್ಲಿ ಗೆದ್ದವರು ಬಿಜೆಪಿಯ ಇ. ಮಾರುತಿರಾವ್ ಪವಾರ್. ಅಜೀಜ್ ಸೇಠ್ 1999ರಲ್ಲಿ ಮತ್ತೆ ಗೆದ್ದರು, ಅವಧಿ ಮುಗಿಯುವ ಮುನ್ನವೇ ತೀರಿಕೊಂಡರು. ತೆರವಾದ ಸ್ಥಾನಕ್ಕೆ 2002ರಲ್ಲಿ ನಡೆದ ಉಪಚುನಾವಣೆಯಲ್ಲಿ ಮಗ ತನ್ವೀರ್ ಸೇಠ್ ನಿಂತು ಗೆದ್ದರು. ಆ ಮೊದಲ ಗೆಲುವಿನಲ್ಲಿ ತಂದೆಯ ಹೆಸರಿನ ಪಾಲು ದೊಡ್ಡದು ಎನ್ನುವುದನ್ನು ಯಾರೂ ಅಲ್ಲಗಳೆಯಲಾರರು. ಆದರೆ 2004, 2008, 2013, 2018, 2023ರ ಗೆಲುವುಗಳನ್ನೂ ಅದೇ ಖಾತೆಗೆ ಬರೆದರೆ ಲೆಕ್ಕ ಸೇರುವುದಿಲ್ಲ. 2023ರಲ್ಲಿ ಮೊದಲ ಬಾರಿ ಮತ ಹಾಕಿದ ಹುಡುಗ ಹುಟ್ಟಿದ್ದೇ ಅಜೀಜ್ ಸೇಠ್ ಹೋದ ಮೇಲೆ. ಅವನಿಗೆ ಆ ಹೆಸರು ಒಂದು ವಾರ್ಡಿನ ಹೆಸರು, ಅಷ್ಟೆ.

ಮನೆತನದ ರಾಜಕಾರಣ ಕೆಟ್ಟದ್ದೋ ಒಳ್ಳೆಯದೋ ಎಂಬ ವಾದ ಬೇರೆ. ನನಗಂತೂ ಅದು ಹಿಡಿಸುವುದಿಲ್ಲ. ಆದರೆ ಮನೆತನ ಟಿಕೆಟ್ ಕೊಡಿಸಬಲ್ಲದು, ಮತಗಟ್ಟೆಯ ಒಳಗೆ ಬಂದು ಗುಂಡಿ ಒತ್ತಲಾರದು.

ತಪ್ಪು ಕಲ್ಪನೆ: ಮುಸ್ಲಿಂ ಮತದಾರರು ಹೆಚ್ಚಿರುವ ಕ್ಷೇತ್ರ, ಆದ್ದರಿಂದ ಫಲಿತಾಂಶ ಮೊದಲೇ ಗೊತ್ತು.

ವಾಸ್ತವ: ಹಾಗಿದ್ದರೆ 1994 ಆಗುತ್ತಲೇ ಇರಲಿಲ್ಲ. ಹತ್ತಿರದ ಲೆಕ್ಕ ನೋಡಿ. 2013ರಲ್ಲಿ ತನ್ವೀರ್ ಸೇಠ್ ಗೆದ್ದ ಅಂತರ ಸುಮಾರು 8 ಸಾವಿರ. ಎರಡನೇ ಸ್ಥಾನಕ್ಕೆ ಬಂದವರು ಮುಸ್ಲಿಂ ಮತಗಳನ್ನೇ ನೆಚ್ಚಿದ ಎಸ್‌ಡಿಪಿಐ ಪಕ್ಷದ ಅಬ್ದುಲ್ ಮಜೀದ್. ಅಂದರೆ ಕಾಂಗ್ರೆಸ್ಸಿಗೆ ಬೆವರಿಳಿಸಿದ್ದು ಎದುರು ಪಾಳೆಯವಲ್ಲ, ಪಕ್ಕದ ಬೀದಿ. 2018ರಲ್ಲಿ ಮತ್ತು 2023ರಲ್ಲಿ ಎರಡನೇ ಸ್ಥಾನಕ್ಕೆ ಬಂದವರು ಬಿಜೆಪಿಯ ಸಂದೇಶ್ ಸ್ವಾಮಿ. ಅವರು ಹಿಂದೆ ಮೈಸೂರಿನ ಮೇಯರ್ ಆಗಿದ್ದವರು. ಎರಡೂ ಸಲ ಮಜೀದ್ ಮೂರನೆಯವರು.

2023ರ ಅಂಕಿಗಳು ಹೆಚ್ಚು ಹೇಳುತ್ತವೆ. ಸೇಠ್ ಅವರಿಗೆ 83 ಸಾವಿರ ಚಿಲ್ಲರೆ, ಸಂದೇಶ್ ಸ್ವಾಮಿಗೆ 52 ಸಾವಿರ ಚಿಲ್ಲರೆ, ಮಜೀದ್‌ಗೆ 41 ಸಾವಿರ. ಅಂತರ 31 ಸಾವಿರ, ಭರ್ಜರಿ ಗೆಲುವು ಎಂದೇ ಪತ್ರಿಕೆಗಳು ಬರೆದವು. ಎರಡನೆಯವರ, ಮೂರನೆಯವರ ಮತ ಕೂಡಿಸಿದರೆ ಗೆದ್ದವರ ಮತವನ್ನು ದಾಟುತ್ತದೆ. ನಮ್ಮ ಅನೇಕ ಶಾಸಕರು ಹೀಗೆಯೇ ಗೆಲ್ಲುವುದು. ಮತ ಹಾಕಿದವರಲ್ಲಿ ಅರ್ಧಕ್ಕಿಂತ ಹೆಚ್ಚು ಮಂದಿ ಬೇರೆಯವರನ್ನು ಬಯಸಿರುತ್ತಾರೆ. ಗೆದ್ದ ಮರುದಿನದಿಂದ ಅವರೂ ಅರ್ಜಿ ಹಿಡಿದು ಇದೇ ಬಾಗಿಲಿಗೆ ಬರಬೇಕು, ಇವರೂ ಕೂರಿಸಿ ಮಾತಾಡಿಸಬೇಕು. ಹೀಗೆ ಬರುವವರಲ್ಲಿ ಯಾರು ಯಾರಿಗೆ ಮತ ಹಾಕಿದ್ದಾರೆ ಎಂದು ಬೂತ್‌ವಾರು ಊಹೆ ಮಾಡುವುದೇ ಪುಢಾರಿಗಳ ಅರ್ಧ ಕಸುಬು. ಇನ್ನರ್ಧ ಆ ಊಹೆಯನ್ನು ಶಾಸಕರ ಕಿವಿಗೆ ಹಾಕುವುದು.

ತಪ್ಪು ಕಲ್ಪನೆ: ನಮ್ಮ ಗಲ್ಲಿಯ ಚರಂಡಿ ಕಟ್ಟಿಕೊಂಡಿದೆ, ನಲ್ಲಿಯಲ್ಲಿ ನೀರಿಲ್ಲ, ಬೀದಿದೀಪ ಉರಿಯುತ್ತಿಲ್ಲ. ಎಂಎಲ್‌ಎ ಏನು ಮಾಡುತ್ತಿದ್ದಾರೆ?

ವಾಸ್ತವ: ಈ ಮೂರರಲ್ಲಿ ಯಾವುದೂ ಶಾಸಕರ ಕೆಲಸವಲ್ಲ. ಮೈಸೂರಿನ ಕುಡಿಯುವ ನೀರು, ಒಳಚರಂಡಿ, ಕಸ, ಬೀದಿದೀಪ, ಒಳರಸ್ತೆ ಎಲ್ಲ ಮಹಾನಗರಪಾಲಿಕೆಯ ಹೊಣೆ. 1976ರ ಕರ್ನಾಟಕ ಪೌರ ನಿಗಮಗಳ ಕಾಯ್ದೆ ಇದನ್ನು ಸ್ಪಷ್ಟವಾಗಿ ಹೇಳಿದೆ. ನೀರಿಗೆ ಪಾಲಿಕೆಯದೇ ವಾಣಿವಿಲಾಸ ನೀರು ಸರಬರಾಜು ಕೇಂದ್ರ, ಕರೆಂಟಿಗೆ ಚಾಮುಂಡೇಶ್ವರಿ ವಿದ್ಯುತ್ ನಿಗಮ, ಸೈಟು-ಬಡಾವಣೆಗೆ ಅಭಿವೃದ್ಧಿ ಪ್ರಾಧಿಕಾರ. ಹೀಗೆ ಒಂದೊಂದಕ್ಕೆ ಒಂದೊಂದು ಕಚೇರಿ.

ಇದನ್ನು ಹೇಳಿದರೆ ಉದಯಗಿರಿಯವರು ನಗುತ್ತಾರೆ. ಅವರ ನಗುವಿನಲ್ಲಿ ನ್ಯಾಯವಿದೆ. ಪಾಲಿಕೆಗೆ 65 ವಾರ್ಡುಗಳಿವೆ, 65 ಕಾರ್ಪೊರೇಟರ್‌ಗಳು ಇರಬೇಕು. 2018ರಲ್ಲಿ ಚುನಾಯಿತವಾದ ಕೌನ್ಸಿಲ್‌ನ ಅವಧಿ 2023ರ ನವೆಂಬರಿನಲ್ಲಿ ಮುಗಿಯಿತು. ಆಮೇಲೆ ಹೊಸ ಚುನಾವಣೆ ಸಕಾಲಕ್ಕೆ ನಡೆಯಲಿಲ್ಲ, ಪಾಲಿಕೆ ಆಡಳಿತಾಧಿಕಾರಿಯ ಕೈಗೆ ಹೋಯಿತು. ಮನೆಯ ಮುಂದೆ ಮ್ಯಾನ್‌ಹೋಲ್ ಉಕ್ಕಿ ಹರಿಯುವಾಗ ಆಡಳಿತಾಧಿಕಾರಿಯನ್ನು ಎಲ್ಲಿ ಹುಡುಕುವುದು? ಹೆಸರು ಗೊತ್ತಿರುವ, ಮುಖ ಗೊತ್ತಿರುವ, ಐದು ವರ್ಷಕ್ಕೊಮ್ಮೆಯಾದರೂ ಕೈಮುಗಿದು ಬರುವ ಒಬ್ಬನೇ ಮನುಷ್ಯ ಎಂದರೆ ಎಂಎಲ್‌ಎ. "ಸಾಹೇಬ್ರೇ, ಮೂರು ದಿನದಿಂದ ನೀರಿಲ್ಲ" ಎಂದು ಅವರಿಗೇ ಫೋನು ಹೋಗುತ್ತದೆ. ಅವರು ಇಂಜಿನಿಯರ್‌ಗೆ ಫೋನು ಮಾಡುತ್ತಾರೆ. ನೀರು ಬಂದರೆ ಅದು ಎಂಎಲ್‌ಎ ಕೊಟ್ಟ ನೀರು. ಬರದಿದ್ದರೆ ಎಂಎಲ್‌ಎ ಕೈಕೊಟ್ಟರು. ಪಾಲಿಕೆಯ ಹೆಸರು ಎರಡೂ ಕಡೆ ಬರುವುದಿಲ್ಲ. ಕೌನ್ಸಿಲ್ ಚುನಾವಣೆ ಮುಂದಕ್ಕೆ ಹೋಗುವುದರಿಂದ ಯಾರಿಗೆ ಲಾಭ ಎಂದು ಕೇಳಿದರೆ ಉತ್ತರದ ಒಂದು ಭಾಗ ಇಲ್ಲೇ ಇದೆ. ಕಾರ್ಪೊರೇಟರ್ ಇಲ್ಲದ ಊರಿನಲ್ಲಿ ಶಾಸಕರ ನೆರಳು ಇನ್ನಷ್ಟು ಉದ್ದವಾಗುತ್ತದೆ. ಇದು ಎನ್.ಆರ್. ಕ್ಷೇತ್ರಕ್ಕಷ್ಟೇ ಸೇರಿದ ಮಾತಲ್ಲ, ಬೆಂಗಳೂರಿನವರು 2020ರಿಂದ ಇದನ್ನೇ ಅನುಭವಿಸಿದ್ದಾರೆ.

ಹಾಗೆಂದು ಪಾಲಿಕೆಗೂ ಶಾಸಕರಿಗೂ ನಂಟೇ ಇಲ್ಲ ಎಂದುಕೊಂಡರೆ ಅದೂ ತಪ್ಪು. ನಗರದ ಶಾಸಕರು ಪದನಿಮಿತ್ತವಾಗಿ ಪಾಲಿಕೆಯ ಸದಸ್ಯರು, ಮೇಯರ್ ಚುನಾವಣೆಯಲ್ಲಿ ಅವರಿಗೆ ಮತವಿದೆ. ಇದರ ಬಿಸಿ ತನ್ವೀರ್ ಸೇಠ್ ಅವರಿಗೇ ತಟ್ಟಿತು. 2018ರ ಕೌನ್ಸಿಲ್‌ನಲ್ಲಿ ಯಾರಿಗೂ ಬಹುಮತವಿರಲಿಲ್ಲ. ಬಿಜೆಪಿ 22, ಕಾಂಗ್ರೆಸ್ 19, ಜೆಡಿಎಸ್ 18. ಕಾಂಗ್ರೆಸ್–ಜೆಡಿಎಸ್ ಹೊಂದಾಣಿಕೆಯಲ್ಲಿ 2021ರ ಫೆಬ್ರುವರಿಯಲ್ಲಿ ಮೇಯರ್ ಸ್ಥಾನ ಕಾಂಗ್ರೆಸ್ಸಿಗೆ ಬರಬೇಕು ಎಂದು ಸಿದ್ದರಾಮಯ್ಯನವರ ಕಡೆಯವರು ಎಣಿಸಿದ್ದರು. ಕೊನೇ ಗಳಿಗೆಯಲ್ಲಿ ಜೆಡಿಎಸ್‌ನ ರುಕ್ಮಿಣಿ ಮಾದೇಗೌಡ ಮೇಯರ್ ಆದರು, ಕಾಂಗ್ರೆಸ್ಸಿಗೆ ಉಪಮೇಯರ್ ಸ್ಥಾನ ಸಿಕ್ಕಿತು. ಆ ದಿನದ ನಿರ್ಧಾರದ ಹಿಂದೆ ನಿಂತದ್ದು ತನ್ವೀರ್ ಸೇಠ್. ಪಕ್ಷ ಅವರಿಗೆ ನೋಟಿಸ್ ಕೊಟ್ಟಿತು. ಬಿಜೆಪಿಯನ್ನು ದೂರ ಇಡುವುದಕ್ಕೆ ಹಾಗೆ ಮಾಡಬೇಕಾಯಿತು ಎನ್ನುವುದು ಅವರ ಸಮರ್ಥನೆ. ಚರಂಡಿಯ ಕೆಲಸ ಶಾಸಕರದಲ್ಲ, ಆದರೆ ಚರಂಡಿ ನೋಡಿಕೊಳ್ಳುವವರು ಯಾರಾಗಬೇಕು ಎಂಬ ಕೋಣೆಯೊಳಗಿನ ಲೆಕ್ಕಾಚಾರ ಖಂಡಿತ ಅವರದು. ಪ್ರಶ್ನೆ ಕೇಳಬೇಕಾದದ್ದು ಅಲ್ಲಿ.

ತಪ್ಪು ಕಲ್ಪನೆ: ವರ್ಷಕ್ಕೆ ಕೋಟಿಗಟ್ಟಲೆ ಶಾಸಕರ ನಿಧಿ ಬರುತ್ತದೆ, ಅದು ಅವರ ಜೇಬಿಗೆ.

ವಾಸ್ತವ: ಶಾಸಕರ ಸ್ಥಳೀಯ ಪ್ರದೇಶಾಭಿವೃದ್ಧಿ ನಿಧಿ ಎಂಬ ಯೋಜನೆ ನಮ್ಮ ರಾಜ್ಯದಲ್ಲಿ 2001–02ರಿಂದ ಇದೆ. ವರ್ಷಕ್ಕೆ 2 ಕೋಟಿ ರೂಪಾಯಿ. ಹಣ ಜಿಲ್ಲಾಧಿಕಾರಿಯ ಖಾತೆಗೆ ಬರುತ್ತದೆ. ಶಾಸಕರು ಕಾಮಗಾರಿ ಸೂಚಿಸಬಹುದು, ಚೆಕ್ಕಿಗೆ ಸಹಿ ಹಾಕಲಾರರು. ಎನ್.ಆರ್. ಕ್ಷೇತ್ರದಲ್ಲಿ ಎರಡೂವರೆ ಲಕ್ಷಕ್ಕೂ ಹೆಚ್ಚು ಮತದಾರರಿದ್ದಾರೆ. ಭಾಗಿಸಿ ನೋಡಿದರೆ ವರ್ಷಕ್ಕೆ ತಲೆಗೆ ಎಂಬತ್ತು ರೂಪಾಯಿಯೂ ಬೀಳುವುದಿಲ್ಲ. ಒಂದು ಸಮುದಾಯ ಭವನ, ಎರಡು ಶಾಲಾ ಕೊಠಡಿ, ನಾಲ್ಕು ಹೈಮಾಸ್ಟ್ ದೀಪ, ಒಂದಿಷ್ಟು ಕಾಂಕ್ರೀಟ್ ರಸ್ತೆ ಆಗುವಷ್ಟರಲ್ಲಿ ವರ್ಷ ಮುಗಿಯುತ್ತದೆ.

ದೊಡ್ಡ ಹಣ ಇರುವುದು ಬೇರೆ ಕಡೆ. ಇಲಾಖೆಗಳ ಅನುದಾನ, ಮುಖ್ಯಮಂತ್ರಿಯ ವಿಶೇಷ ಅನುದಾನ, ಅಲ್ಪಸಂಖ್ಯಾತರ ಕಲ್ಯಾಣ ಇಲಾಖೆಯ ಕಾಲೊನಿ ಅಭಿವೃದ್ಧಿ ಹಣ ಇವೆಲ್ಲ ಎಷ್ಟು ಬಂದವು ಎನ್ನುವುದು ಶಾಸಕರು ವಿಧಾನಸೌಧದ ಮೆಟ್ಟಿಲು ಎಷ್ಟು ಸಲ ಹತ್ತಿದರು, ಯಾರ ಜೊತೆ ಚೆನ್ನಾಗಿದ್ದಾರೆ ಎನ್ನುವುದರ ಮೇಲೆ ನಿಂತಿದೆ. 2 ಕೋಟಿಯ ಮೇಲೆ ಕಣ್ಣಿಟ್ಟು ಕೂತವರಿಗೆ ಇದು ಕಾಣುವುದಿಲ್ಲ. ಫಲಾನುಭವಿಗಳ ಆಯ್ಕೆಯೂ ಹಾಗೆಯೇ. ವಸತಿ ಯೋಜನೆಯ ಆಶ್ರಯ ಸಮಿತಿಗೆ ಶಾಸಕರೇ ಅಧ್ಯಕ್ಷರು. ಮನೆ ಯಾರಿಗೆ ಸಿಗಬೇಕು ಎಂಬ ಪಟ್ಟಿ ಆ ಮೇಜಿನ ಮೇಲೆ ತಯಾರಾಗುತ್ತದೆ. ಬಾಡಿಗೆ ಮನೆಗಳೇ ತುಂಬಿರುವ ಉದಯಗಿರಿಯಂಥ ಕಡೆ 2 ಕೋಟಿಗಿಂತ ಆ ಪಟ್ಟಿಯ ತೂಕವೇ ಹೆಚ್ಚು.

ತಪ್ಪು ಕಲ್ಪನೆ: ಎಂಎಲ್‌ಎ ಲೆಟರ್‌ಹೆಡ್ ಒಂದಿದ್ದರೆ ಸಾಕು. ಸ್ಟೇಷನ್‌ನಲ್ಲಿ ಕೇಸು ನಿಲ್ಲುತ್ತದೆ, ಶಾಲೆಯಲ್ಲಿ ಸೀಟು ಸಿಗುತ್ತದೆ, ಆಸ್ಪತ್ರೆಯಲ್ಲಿ ಬಿಲ್ಲು ಇಳಿಯುತ್ತದೆ.

ವಾಸ್ತವ: ಶಾಸಕರ ಪತ್ರ ಕಾನೂನಿನ ಕಣ್ಣಿಗೆ ಒಂದು ಕೋರಿಕೆ, ಅಷ್ಟೇ. ಎಫ್‌ಐಆರ್ ದಾಖಲಿಸುವುದು ಠಾಣಾಧಿಕಾರಿಯ ಹೊಣೆ. ತನಿಖೆಯ ವಿಚಾರದಲ್ಲಿ ಅವರು ಉತ್ತರ ಕೊಡಬೇಕಾದದ್ದು ನ್ಯಾಯಾಲಯಕ್ಕೆ.

ಇದಕ್ಕೆ ಇದೇ ಕ್ಷೇತ್ರದ ಶಾಸಕರ ಒಂದು ಪತ್ರ ಒಳ್ಳೆಯ ಉದಾಹರಣೆ. 2023ರ ಜುಲೈನಲ್ಲಿ ತನ್ವೀರ್ ಸೇಠ್ ಗೃಹ ಸಚಿವ ಜಿ. ಪರಮೇಶ್ವರ ಅವರಿಗೆ ಬರೆದರು. ಬೆಂಗಳೂರಿನ ಡಿ.ಜೆ. ಹಳ್ಳಿ–ಕೆ.ಜಿ. ಹಳ್ಳಿ, ಶಿವಮೊಗ್ಗ, ಹುಬ್ಬಳ್ಳಿ ಮೊದಲಾದ ಕಡೆಯ ಗಲಭೆ ಪ್ರಕರಣಗಳಲ್ಲಿ ಸಿಲುಕಿದ ಅಮಾಯಕರ ಮೇಲಿನ ಕೇಸುಗಳನ್ನು ಪರಿಶೀಲಿಸಿ ಹಿಂಪಡೆಯಬೇಕು ಎಂಬ ಮನವಿ. ಪತ್ರ ಹೊರಬಿದ್ದದ್ದೇ ರಾಜ್ಯವೆಲ್ಲ ಗದ್ದಲ. ಕೇಸುಗಳು ಆಗಲೇ ಬಿದ್ದುಹೋದವು ಎಂಬಂತೆ ಎಲ್ಲ ಕಡೆ ಮಾತು ನಡೆಯಿತು. ನಡೆದದ್ದು ಬೇರೆ. ಕೇಸು ಹಿಂಪಡೆಯಬೇಕಾದರೆ ಸರ್ಕಾರ ತೀರ್ಮಾನಿಸಬೇಕು, ಆಮೇಲೆ ಸರ್ಕಾರಿ ವಕೀಲರು ತಮ್ಮ ವಿವೇಚನೆಯಿಂದ ಅರ್ಜಿ ಹಾಕಬೇಕು, ಕೊನೆಗೆ ನ್ಯಾಯಾಲಯ ಒಪ್ಪಬೇಕು. ಹಳೆಯ ದಂಡಪ್ರಕ್ರಿಯಾ ಸಂಹಿತೆಯ 321ನೇ ಕಲಮು ಹೇಳುತ್ತಿದ್ದದ್ದು ಇದನ್ನೇ. ಮುಂದೆ 2024ರ ಅಕ್ಟೋಬರಿನಲ್ಲಿ ಸರ್ಕಾರ ಹಳೇ ಹುಬ್ಬಳ್ಳಿಯ ಪ್ರಕರಣವೂ ಸೇರಿ 43 ಪ್ರಕರಣಗಳನ್ನು ಹಿಂಪಡೆಯುವ ಆದೇಶ ಹೊರಡಿಸಿತು. 2025ರ ಮೇ ತಿಂಗಳಲ್ಲಿ ಹೈಕೋರ್ಟ್ ಆ ಆದೇಶವನ್ನೇ ರದ್ದು ಮಾಡಿತು. ಒಬ್ಬ ಹಿರಿಯ ಶಾಸಕರ ಪತ್ರವಿರಲಿ, ಇಡೀ ಸಂಪುಟದ ತೀರ್ಮಾನವೇ ಅಲ್ಲಿಗೆ ನಿಂತಿತು.

ಘೋಷಣೆಗಳ ಪಾಡೂ ಇಷ್ಟೇ. 2022ರ ನವೆಂಬರಿನಲ್ಲಿ ಮೈಸೂರಿನಲ್ಲೋ ಶ್ರೀರಂಗಪಟ್ಟಣದಲ್ಲೋ ಟಿಪ್ಪುವಿನ 100 ಅಡಿ ಪ್ರತಿಮೆ ನಿಲ್ಲಿಸುವುದಾಗಿ ಸೇಠ್ ಹೇಳಿದ್ದರು. ವಾರಗಟ್ಟಲೆ ಚರ್ಚೆ ಎದ್ದಿತು, ಪ್ರತಿಮೆ ಏಳಲಿಲ್ಲ.

ಹಾಗಾದರೆ ಲೆಟರ್‌ಹೆಡ್‌ಗೆ ಬೆಲೆಯೇ ಇಲ್ಲವೇ? ಇದೆ. ಅದು ಇರುವ ಜಾಗ ಕಾನೂನಿನ ಪುಸ್ತಕದಲ್ಲಿಲ್ಲ. ಇನ್‌ಸ್ಪೆಕ್ಟರ್, ತಹಶೀಲ್ದಾರ್, ಇಂಜಿನಿಯರ್ ಯಾರು ಎಲ್ಲಿಗೆ ಬರಬೇಕು ಎನ್ನುವುದಕ್ಕೆ ಶಾಸಕರು ಕೊಡುವ ಶಿಫಾರಸಿಗೆ ಕಚೇರಿಗಳಲ್ಲಿ 'ಮಿನಿಟ್' ಎನ್ನುತ್ತಾರೆ. ರಾಜ್ಯದ ಯಾವ ಪಕ್ಷದ ಸರ್ಕಾರವೂ ಇದರಿಂದ ಹೊರಗಿಲ್ಲ. ಹೈಕೋರ್ಟ್ ಮತ್ತೆ ಮತ್ತೆ ಗದರಿಸಿದ್ದರೂ ಪದ್ಧತಿ ಸತ್ತಿಲ್ಲ. ತನ್ನನ್ನು ಈ ಠಾಣೆಗೆ ತಂದವರು ಯಾರು ಎಂಬುದು ಮರೆಯದ ಅಧಿಕಾರಿಗೆ ಶಾಸಕರ ಫೋನು ಬರೀ ಫೋನಾಗಿ ಕೇಳಿಸುವುದಿಲ್ಲ. ಜನರ ಕಲ್ಪನೆ ಹುಟ್ಟಿದ್ದು ಗಾಳಿಯಿಂದಲ್ಲ, ಇಲ್ಲಿಂದ. ನಮ್ಮ ಟೀಕೆ ಇಲ್ಲಿ ಬೀಳಬೇಕಿತ್ತು. ನಾವೋ ನಮ್ಮ ಕೆಲಸಕ್ಕೂ ಅಂಥದೊಂದು ಫೋನು ಮಾಡಿಸಿಕೊಳ್ಳುವುದು ಹೇಗೆ ಎಂದು ಯೋಚಿಸುತ್ತೇವೆ.

ತಪ್ಪು ಕಲ್ಪನೆ: ಸದನದಲ್ಲಿ ಕೂರುವುದು, ಗಲಾಟೆ ಮಾಡುವುದು, ಎದ್ದು ಬರುವುದು. ಅದರಿಂದ ಉದಯಗಿರಿಗೆ ಏನು ಬಂತು?

ವಾಸ್ತವ: ಶಾಸಕ ಎಂಬ ಹುದ್ದೆ ಇರುವುದೇ ಆ ಕೆಲಸಕ್ಕೆ. ಕಾನೂನು ಮಾಡುವುದು, ಬಜೆಟ್ಟಿಗೆ ಒಪ್ಪಿಗೆ ಕೊಡುವುದು, ಸರ್ಕಾರದ ಕಿವಿ ಹಿಂಡಿ ಉತ್ತರ ಪಡೆಯುವುದು. ಚುಕ್ಕೆ ಗುರುತಿನ ಪ್ರಶ್ನೆಗೆ ಸಚಿವರು ಎದ್ದು ನಿಂತು ಉತ್ತರಿಸಬೇಕು, ಚುಕ್ಕೆ ಗುರುತಿಲ್ಲದ್ದಕ್ಕೆ ಲಿಖಿತವಾಗಿ ಕೊಡಬೇಕು. ಒಂದು ಬಡಾವಣೆಗೆ ಪ್ರೌಢಶಾಲೆ ಯಾಕಿಲ್ಲ ಎಂದು ಕೇಳಿದ ಪ್ರಶ್ನೆ ಇಲಾಖೆಯ ಕಡತವನ್ನು ಮೇಲಿನಿಂದ ಕೆಳಗಿನವರೆಗೆ ಅಲ್ಲಾಡಿಸುತ್ತದೆ. ನೂರು ಫೋನು ಮಾಡಲಾಗದ್ದನ್ನು ಅದು ಮಾಡಬಲ್ಲದು.

ಆದರೆ ಅದಕ್ಕೆ ಸದನ ಸೇರಬೇಕಲ್ಲ! ವರ್ಷಕ್ಕೆ ಕನಿಷ್ಠ 60 ದಿನ ಅಧಿವೇಶನ ನಡೆಯಬೇಕು ಎಂದು 2005ರಲ್ಲಿ ಕರ್ನಾಟಕವೇ ಕಾಯ್ದೆ ಮಾಡಿಕೊಂಡಿದೆ. ಹೆಚ್ಚಿನ ವರ್ಷಗಳಲ್ಲಿ ಅಷ್ಟು ದಿನ ನಡೆಯುವುದಿಲ್ಲ. ಕಾನೂನು ಮಾಡುವವರೇ ತಮಗಾಗಿ ಮಾಡಿಕೊಂಡ ಕಾನೂನಿನ ಗತಿ ಇದು. ಈ ಬಗ್ಗೆ ಉದಯಗಿರಿಯಲ್ಲಾಗಲಿ ಕುವೆಂಪುನಗರದಲ್ಲಾಗಲಿ ಯಾರೂ ಧರಣಿ ಕೂತಿಲ್ಲ.

ಇನ್ನೊಂದು ಮಾತು. ಸದನದಲ್ಲಿ ನಮ್ಮ ಶಾಸಕರು ನಮ್ಮ ಮನಸ್ಸಿನಂತೆ ಮತ ಹಾಕುತ್ತಾರೆ ಎಂದು ತಿಳಿದವರೂ ಇದ್ದಾರೆ. 1985ರ ಪಕ್ಷಾಂತರ ನಿಷೇಧ ಕಾನೂನು ಬಂದ ಮೇಲೆ ಪಕ್ಷದ ವಿಪ್ ಮೀರಿದರೆ ಸದಸ್ಯತ್ವಕ್ಕೇ ಕುತ್ತು. ಮೈಸೂರು ಜಿಲ್ಲೆಗೆ ಇದರ ಪಾಠ ಚೆನ್ನಾಗಿ ಗೊತ್ತು. 2019ರ ಜುಲೈನಲ್ಲಿ ಅನರ್ಹಗೊಂಡ 17 ಶಾಸಕರಲ್ಲಿ ಹುಣಸೂರಿನ ಎಚ್. ವಿಶ್ವನಾಥ್ ಒಬ್ಬರು. ಆ ವರ್ಷದ ಡಿಸೆಂಬರಿನ ಉಪಚುನಾವಣೆಯಲ್ಲಿ ಸೋತರು, ಮರುವರ್ಷ ವಿಧಾನಪರಿಷತ್ತಿಗೆ ನಾಮಕರಣಗೊಂಡರು, ಅಷ್ಟಾದರೂ ಮಂತ್ರಿಯಾಗುವಂತಿಲ್ಲ ಎಂದು ಹೈಕೋರ್ಟ್ ಹೇಳಿತು. ವಿಪ್ ಇರುವಲ್ಲಿ ಶಾಸಕರ ಸ್ವಂತ ದನಿ ಉಳಿಯುವುದು ಪ್ರಶ್ನೋತ್ತರದಲ್ಲಿ, ಶೂನ್ಯವೇಳೆಯಲ್ಲಿ, ಸದನ ಸಮಿತಿಗಳಲ್ಲಿ. ಅವುಗಳ ವರದಿ ಪತ್ರಿಕೆಯ ಒಳಪುಟದಲ್ಲಿ ಎರಡಂಗುಲ ಜಾಗ ಪಡೆದರೆ ಹೆಚ್ಚು.

ತಪ್ಪು ಕಲ್ಪನೆ: ಆರು ಸಲ ಗೆದ್ದವರಿಗೆ ಮಂತ್ರಿ ಸ್ಥಾನ ಕೊಡಲೇಬೇಕು.

ವಾಸ್ತವ: ಕೊಡಬೇಕೆಂದು ಎಲ್ಲೂ ಬರೆದಿಲ್ಲ. 224 ಸದಸ್ಯರ ವಿಧಾನಸಭೆಯಲ್ಲಿ ಮುಖ್ಯಮಂತ್ರಿಯೂ ಸೇರಿ 34 ಮಂದಿಗಿಂತ ಹೆಚ್ಚು ಮಂತ್ರಿಗಳಿರುವಂತಿಲ್ಲ. 2003ರ 91ನೇ ಸಂವಿಧಾನ ತಿದ್ದುಪಡಿ ಹಾಕಿದ ಮಿತಿ ಅದು. ತನ್ವೀರ್ ಸೇಠ್ 2016ರ ಜೂನ್ ಪುನಾರಚನೆಯಲ್ಲಿ ಸಚಿವರಾದರು. ಪಿಯುಸಿ ಪ್ರಶ್ನೆಪತ್ರಿಕೆ ಸೋರಿಕೆಯ ಬಿಸಿ ಆರುವ ಮೊದಲೇ ಕಿಮ್ಮನೆ ರತ್ನಾಕರ ಅವರ ಕೈಯಲ್ಲಿದ್ದ ಪ್ರಾಥಮಿಕ ಮತ್ತು ಪ್ರೌಢಶಿಕ್ಷಣ ಖಾತೆ ಇವರಿಗೆ ಬಂತು. ಜೊತೆಗೆ ಅಲ್ಪಸಂಖ್ಯಾತರ ಕಲ್ಯಾಣ. ಎರಡು ವರ್ಷ ತುಂಬುವಷ್ಟರಲ್ಲಿ ಚುನಾವಣೆ ಬಂತು.

2023ರಲ್ಲಿ ಕಾಂಗ್ರೆಸ್ ಮತ್ತೆ ಅಧಿಕಾರಕ್ಕೆ ಬಂದಾಗ ಅವರ ಹೆಸರು ಪಟ್ಟಿಯಲ್ಲಿರಲಿಲ್ಲ. ಬೆಂಬಲಿಗರಿಗೆ ಅನ್ಯಾಯ ಎನಿಸಿತು. ಆದರೆ ಜಿಲ್ಲೆಯ ಲೆಕ್ಕ ಹಾಕಿ ನೋಡಿ. ವರುಣದ ಸಿದ್ದರಾಮಯ್ಯ ಮುಖ್ಯಮಂತ್ರಿಯಾದರು, ತಿ. ನರಸೀಪುರದ ಎಚ್.ಸಿ. ಮಹದೇವಪ್ಪ, ಪಿರಿಯಾಪಟ್ಟಣದ ಕೆ. ವೆಂಕಟೇಶ್ ಸಚಿವರಾದರು. ಒಂದೇ ಜಿಲ್ಲೆಗೆ ನಾಲ್ಕನೆಯದು ಬರುವುದು ಕಷ್ಟ. ಮುಸ್ಲಿಂ ಸಮುದಾಯದ ಪಾಲಿಗೆ ಜಮೀರ್ ಅಹ್ಮದ್, ರಹೀಂ ಖಾನ್ ಸಂಪುಟಕ್ಕೆ ಹೋದರು, ಯು.ಟಿ. ಖಾದರ್ ಸಭಾಧ್ಯಕ್ಷರಾದರು. ಸಂಪುಟ ಕಟ್ಟುವಾಗ ನೋಡುವುದು ಜಾತಿ, ಜಿಲ್ಲೆ, ಬಣ. ಅನುಭವ ಅವುಗಳ ಹಿಂದೆ ನಿಂತು ಕಾಯುತ್ತದೆ.

ತಪ್ಪು ಕಲ್ಪನೆ: ಎಂಎಲ್‌ಎಗಳಿಗೆ ಸಂಬಳವೇ ಲಕ್ಷಗಟ್ಟಲೆ.

ವಾಸ್ತವ: ಮೂಲ ವೇತನ 2022ರಲ್ಲಿ 25 ಸಾವಿರದಿಂದ 40 ಸಾವಿರಕ್ಕೆ ಏರಿತ್ತು. 2025ರ ಮಾರ್ಚ್‌ನಲ್ಲಿ 80 ಸಾವಿರವಾಯಿತು. ಭತ್ಯೆಗಳು ಸೇರಿದರೆ ಲಕ್ಷ ದಾಟುತ್ತದೆ, ಆ ಮಟ್ಟಿಗೆ ಮಾತು ಸುಳ್ಳಲ್ಲ. ಬಿಜೆಪಿಯ 18 ಶಾಸಕರು ಅಮಾನತುಗೊಂಡ ಗದ್ದಲದ ದಿನವೇ ಈ ವೇತನ ಏರಿಕೆಯ ಮಸೂದೆಗೆ ಚರ್ಚೆಯಿಲ್ಲದೆ ಒಪ್ಪಿಗೆ ಸಿಕ್ಕಿತು. ಇನ್ನು ವಿಧಾನಸಭೆಗೆ ನಿಂತ ಒಬ್ಬ ಅಭ್ಯರ್ಥಿಯ ಚುನಾವಣಾ ಖರ್ಚಿಗೆ ಇರುವ ಮಿತಿ 40 ಲಕ್ಷ. ಆ ಮಿತಿಯೊಳಗೇ ಎಲ್ಲರೂ ಗೆಲ್ಲುತ್ತಾರೆ ಎಂದು ನಂಬುವವರಿಗೆ ನಾನು ಹೇಳುವುದೇನೂ ಇಲ್ಲ.

ತಪ್ಪು ಕಲ್ಪನೆ: ಮದುವೆ, ಮುಂಜಿ, ಉರುಸು, ತಿಥಿ ಎಂದು ಸುತ್ತುವುದು ಶೋಕಿ. ಗನ್‌ಮ್ಯಾನ್ ಇದ್ದಾನೆ, ಕಾರಿದೆ, ಅವರಿಗೇನು?

ವಾಸ್ತವ: ನಗರದ ಶಾಸಕರ ಸಂಜೆಗಳು ಅವರವಲ್ಲ. ಕರೆಯೋಲೆ ಕೊಟ್ಟವರ ಮನೆಗೆ ಹೋಗದಿದ್ದರೆ ಆ ಮನೆಯ ನೆಂಟರಿಷ್ಟರ ಮತ ಕೈಬಿಟ್ಟಂತೆ ಎಂಬ ಹೆದರಿಕೆ ಪಕ್ಷಭೇದವಿಲ್ಲದೆ ಎಲ್ಲರಿಗೂ ಇದೆ. ಲಗ್ನದ ತಿಂಗಳಲ್ಲಿ ಒಂದೇ ರಾತ್ರಿ ಐದಾರು ಛತ್ರ. ಪ್ರತಿ ಕಡೆ ಹಾರ, ಫೋಟೊ, ಒಂದು ತುತ್ತು ಬಿರಿಯಾನಿ ಅಥವಾ ಒಂದು ಹೋಳಿಗೆ. ಬೇಡ ಎಂದರೆ ಬೇಜಾರು. ಮರುದಿನ ಬೆಳಿಗ್ಗೆ ಜನ ಬಾಗಿಲಿಗೆ ಬರುವ ಹೊತ್ತಿಗೆ ಮತ್ತೆ ಎದ್ದು ಕೂತಿರಬೇಕು. ಕಾನೂನಿನ ಕರಡು ಓದುವುದಕ್ಕೆ ಈ ದಿನಚರಿಯಲ್ಲಿ ಸಮಯ ಎಲ್ಲಿದೆ ಎಂದು ಯಾರಾದರೂ ಕೇಳಬೇಕು.

2019ರ ನವೆಂಬರ್ 17ರ ರಾತ್ರಿ ತನ್ವೀರ್ ಸೇಠ್ ಇದ್ದದ್ದು ಅಂಥದೇ ಒಂದು ಜಾಗದಲ್ಲಿ. ಬನ್ನಿಮಂಟಪದ ಬಾಲಭವನದ ಆವರಣದಲ್ಲಿ ಮದುವೆಯ ಸಮಾರಂಭ, ಸಂಗೀತ ನಡೆಯುತ್ತಿತ್ತು. ಕುರ್ಚಿಯಲ್ಲಿ ಕೂತು ಕೇಳುತ್ತಿದ್ದ ಸೇಠ್ ಅವರ ಹತ್ತಿರ ಬಂದ ಯುವಕನೊಬ್ಬ ಮಚ್ಚಿನಿಂದ ಕುತ್ತಿಗೆಗೆ ಹೊಡೆದ. ಸುತ್ತ ಬೆಂಬಲಿಗರಿದ್ದರು, ಭದ್ರತೆಯವರಿದ್ದರು. ಹೊಡೆದವನನ್ನು ಬೆನ್ನಟ್ಟಿ ಹಿಡಿದರು, ಆದರೆ ಪೆಟ್ಟು ಬಿದ್ದಾಗಿತ್ತು. ಶಸ್ತ್ರಚಿಕಿತ್ಸೆಯಾಗಿ ಪ್ರಾಣ ಉಳಿಯಿತು, ಚೇತರಿಸಿಕೊಳ್ಳಲು ಬಹಳ ಕಾಲ ಹಿಡಿಯಿತು. ದನಿಗೂ ಪೆಟ್ಟಾಗಿತ್ತು. ಭಾಷಣವೇ ಬಂಡವಾಳವಾದ ಕಸುಬಿನವರಿಗೆ ಇದು ಸಣ್ಣ ನಷ್ಟವಲ್ಲ. ಗನ್‌ಮ್ಯಾನ್ ಇದ್ದರೆ ಸಾಕು ಎಂಬ ಮಾತನ್ನು ಅಂದು ಅಲ್ಲಿದ್ದವರು ಇನ್ನು ಆಡಲಾರರು. ಮದುವೆ ಮನೆಯಲ್ಲಿ ಹತ್ತಿರ ಬರುವ ಯಾರನ್ನೂ ತಡೆಯುವಂತಿಲ್ಲ. ತಡೆದರೆ ಅವರು ಆ ಊರಿನ ಶಾಸಕರಾಗಿ ಉಳಿಯುವುದಿಲ್ಲ.

ಜನರ ನಡುವೆಯೇ ಇರಬೇಕಾದ ಈ ಬದುಕಿಗೆ ಇನ್ನೊಂದು ಮುಖವೂ ಇದೆ. ಅಧಿಕಾರದ ಕುರ್ಚಿ ಸಿಕ್ಕವರು ತಾವಾಗಿ ಬಿಡುವುದಿಲ್ಲ ಎಂದು ನಾವು ಹೇಳುತ್ತೇವೆ. 2023ರ ಚುನಾವಣೆಗೆ ಕೆಲವು ತಿಂಗಳ ಮುಂಚೆ ಸೇಠ್ ಆರೋಗ್ಯದ ಕಾರಣ ಕೊಟ್ಟು, ತಾವು ಇನ್ನು ಚುನಾವಣೆಗೆ ನಿಲ್ಲುವುದಿಲ್ಲ ಎಂದು ಪಕ್ಷದ ನಾಯಕರಿಗೆ ಬರೆದಿದ್ದರು. ವಿಷಯ ಬಯಲಾದದ್ದೇ ಮನೆ ಮುಂದೆ ಬೆಂಬಲಿಗರ ಗುಂಪು ಸೇರಿತು, ನಿಲ್ಲಲೇಬೇಕು ಎಂದು ಹಟ ಹಿಡಿಯಿತು, ಕೆಲವರು ಮೈಗೆ ಬೆಂಕಿ ಹಚ್ಚಿಕೊಳ್ಳಲು ಹೊರಟರು. ಇದನ್ನು ನಾಟಕ ಎಂದು ಕರೆದವರಿದ್ದಾರೆ, ಅಭಿಮಾನ ಎಂದವರಿದ್ದಾರೆ. ನನಗೆ ಕಂಡದ್ದು ಸರಳ ಹೆದರಿಕೆ. ಇಪ್ಪತ್ತು ವರ್ಷ ಒಂದೇ ಬಾಗಿಲಿಗೆ ಅರ್ಜಿ ಕೊಟ್ಟು ಅಭ್ಯಾಸವಾದವರಿಗೆ ಆ ಬಾಗಿಲು ಮುಚ್ಚಿದರೆ ಪಾಲಿಕೆಯ ಕಚೇರಿ ಎಲ್ಲಿದೆ, ಪಡಿತರ ಚೀಟಿಗೆ ಯಾರನ್ನು ನೋಡಬೇಕು ಎನ್ನುವುದೇ ಗೊತ್ತಿಲ್ಲ. ಗುಂಪಿನಲ್ಲಿದ್ದ ಪುಢಾರಿಗಳ ಹೆದರಿಕೆ ಬೇರೆಯದು. ಹೊಸ ಶಾಸಕರು ಬಂದರೆ ಅವರ ಸುತ್ತ ಹೊಸ ಪುಢಾರಿಗಳು ಬರುತ್ತಾರೆ. ಸೇಠ್ ನಿರ್ಧಾರ ಬದಲಿಸಿದರು, ನಿಂತರು, ತಮ್ಮ ಹಿಂದಿನ ಎರಡು ಚುನಾವಣೆಗಳಿಗಿಂತ ದೊಡ್ಡ ಅಂತರದಲ್ಲಿ ಗೆದ್ದರು.